ಗಾಳೆಪ್ಪನ ಪಾರ್ಟು

ಜಾಲಿಬಾವಿಯ ಗಾಳೆಪ್ಪನಿಗೆ ಭಗವಂತನು ಎರಡು ಕೈ, ಎರಡು ಕಾಲು, ನಾಲ್ಕು ಎಕರೆ ಎರೆಹೊಲ, ಒಂದು ಎಮ್ಮೆ, ಮಾಳವ್ವನಂಥ ಹೆಂಡತಿ, ಇಷ್ಟನ್ನೂ ಕೊಟ್ಟಿದ್ದನು. ಒಂದು ಪಾರ್ಟನ್ನು ಮಾತ್ರ ಕೊಟ್ಟಿರಲಿಲ್ಲ. ಅದು ಆತನ ಲೀಲೆ, ಯಾಕೆಂದು ಕೇಳಬಾರದು. ಆದರೆ ಗಾಳೆಪ್ಪ ಕೇಳುತ್ತಿದ್ದನು. ಇಪ್ಪತ್ತೆರಡು ವರ್ಷಗಳಿಂದ, ಸುಗ್ಗಿ ಮುಗಿದು ಬಯಲಾಟಕ್ಕೆ ಪಾರ್ಟು ಹಂಚುವ ಹೊತ್ತಿಗೆ, ತಪ್ಪದೆ ಕೇಳುತ್ತಿದ್ದನು.

ತಾವರಗೇರಾದಿಂದ ಎರಡು ಹರದಾರಿ ದೂರದ ಆ ಊರಿನಲ್ಲಿ ಬಯಲಾಟದ ವೇಷ ಹಾಕಿದವನಿಗೇ ಮರ್ಯಾದೆ. ಅರ್ಜುನನ ಪಾರ್ಟು ಮಾಡುವ ದೇವೇಂದ್ರಪ್ಪನನ್ನು ಜೋಳ ಕೊಯ್ಯುವಾಗಲೂ ಜನರು ‘ಅರ್ಜುನಾ’ ಎಂದೇ ಕೂಗುತ್ತಿದ್ದರು. ಆತನೂ ಕುಡುಗೋಲನ್ನು ಗಾಂಡೀವದ ಹಾಗೆಯೇ ಹಿಡಿಯುತ್ತಿದ್ದನು. ಗಾಳೆಪ್ಪನ ಪಾಲಿಗೆ ಬಂದದ್ದು ಪರದೆ. ವೇಷಗಳು ರಂಗಕ್ಕೆ ಬರುವಾಗ ಇಬ್ಬರು ಅಡ್ಡ ಹಿಡಿಯುವ ಪರದೆಯ ಎಡ ತುದಿ ಅವನದು. ಊರ ಜನರಿಗೆ ಅವನ ಹತ್ತು ಬೆರಳುಗಳ ಪರಿಚಯ ಚೆನ್ನಾಗಿತ್ತು.

ತಪ್ಪು ಪೂರ್ತಿ ಕೊಟ್ರಪ್ಪ ಮಾಸ್ತರರದೆಂದು ಹೇಳಲಾಗದು. ಆಟ ಕಲಿಸುವ ಈ ಮಾಸ್ತರರು ಒಮ್ಮೆ, ಗಾಳೆಪ್ಪ ಹುಡುಗನಾಗಿದ್ದಾಗ, ಕರುಣೆ ಬಂದು ರಾಕ್ಷಸನ ಸೈನಿಕನ ಪಾರ್ಟು ಕೊಟ್ಟಿದ್ದರು. ಅರ್ಜುನ ಕತ್ತಿ ಬೀಸಿದ ಕೂಡಲೇ ಸತ್ತು ಬೀಳಬೇಕು, ಅಷ್ಟೇ. ಕತ್ತಿ ಬಂತು. ಗಾಳೆಪ್ಪ ಕೈ ಅಡ್ಡ ಹಿಡಿದು, “ಒಂಚೂರು ತಡೀಯಪಾ, ಕೆಳಗ ಜಾಲಿಮುಳ್ಳ ಐತಿ” ಎಂದು ಬಾಗಿ, ಮುಳ್ಳನ್ನು ಆರಿಸಿ ಆಚೆ ಎಸೆದು, ನೆಲವನ್ನು ಅಂಗೈಯಿಂದ ಸವರಿ, ಆಮೇಲೆ ಸತ್ತನು. ಆ ವರ್ಷ ಪುರಾಣದ ದುಃಖಪ್ರಸಂಗಕ್ಕೆಲ್ಲ ಜನ ನಕ್ಕರು. ಮಾಸ್ತರರು ಅಂದೇ ತೀರ್ಮಾನಿಸಿದರು: “ಈ ಮನಶ್ಯಾನ ಮೈಯಾಗ ಇನ್ನೊಬ್ಬ ಹೊಗೂದಿಲ್ಲ. ಜಾಗಾ ಇಲ್ಲ.”

ಹೀಗಿರುವಾಗ, ದೊಡ್ಡ ಯುದ್ಧ ಶುರುವಾಗುವ ಹಿಂದಿನ ವರ್ಷ, ಬೇಸಿಗೆಯಲ್ಲಿ ಗಾಳೆಪ್ಪನ ಎಡಗಾಲಿಗೆ ನಾರುಹುಣ್ಣು ಎದ್ದಿತು. ನೂಲಿನಂಥ ಹುಳು ಕಾಲೊಳಗೆ ಬೆಳೆದು ಹುಣ್ಣಾಗಿ ಹೊರಗೆ ಬರುವ ಈ ಬೇನೆ ಆಗ ಮೆಟ್ಟಿಲು ಬಾವಿಯ ಊರುಗಳಿಗೆಲ್ಲ ನೆಂಟ. ತಾವರಗೇರಾದ ದವಾಖಾನೆಯ ಕಂಪೌಂಡರ ನೂರಸಾಬನು ಆ ನಾರನ್ನು ಒಂದು ಕಡ್ಡಿಗೆ ಸುತ್ತಿ, ದಿನಕ್ಕೆ ಒಂದು ಬೆರಳಿನಷ್ಟು ಎಳೆದು, ಇಪ್ಪತ್ತು ದಿನಗಳಲ್ಲಿ ಪೂರ್ತಿ ತೆಗೆದನು. ತೆಗೆದು ಎರಡು ಮಾತು ಹೇಳಿದನು: ಬಾವಿಯ ನೀರಿನೊಳಗೆ ಕಾಲಿಡಬಾರದು, ನೀರನ್ನು ಅರಿವೆಯಲ್ಲಿ ಸೋಸದೆ ಕುಡಿಯಬಾರದು. ಊರಿನಲ್ಲಿ ನೂರು ಜನರಿಗೆ ಆತ ಇದನ್ನು ಹೇಳಿದ್ದನು. ಕೇಳಿದವನು ಗಾಳೆಪ್ಪನೊಬ್ಬನೇ. ಕೆಳಗೆ ಇಳಿಯಲು ಮೆಟ್ಟಿಲಿದ್ದರೂ ಮೇಲೆ ನಿಂತು ಕೊಡಕ್ಕೆ ಹಗ್ಗ ಕಟ್ಟಿ ಬಿಡುವ ಅವನನ್ನು ಕಂಡು, ನೀರೊಳಗೆ ಮೊಣಕಾಲು ಮಟ್ಟ ನಿಂತ ಜನರು ನಗುತ್ತಿದ್ದರು.

ದಸರೆ ಮುಗಿದ ಮೇಲೆ ಒಂದು ದಿನ ನೂರಸಾಬನು ಸೈಕಲ್ಲು ತುಳಿದುಕೊಂಡು ಏದುಸಿರು ಬಿಡುತ್ತ ಬಂದನು.

“ಏ ಗಾಳೆಪ್ಪಾ, ನಸೀಬ ತೆರೀತಪಾ ನಿಂದು! ಹೈದರಾಬಾದಿನಿಂದ ಸಾಹೇಬ್ರು ಮಶೀನು ತಗೊಂಡು ಬರ್ತಾರ. ನಾರುಹುಣ್ಣಿನ ಮ್ಯಾಲೆ ಚಿತ್ರ ತೆಗೆದು ಊರೂರಿಗೆ ಪರದೆ ಕಟ್ಟಿ ತೋರಸ್ತಾರಂತ. ನಾ ನಿನ್ನ ಹೆಸರು ಬರದು ಕಳಿಸಿದ್ದೆ. ನೀನ ಬೇಕು ಅಂತ ಹುಕುಂ ಆಗೈತಿ.”

“ಪರದೆ ಹಿಡಿಯಾಕೇನ್ರಿ?” ಎಂದನು ಗಾಳೆಪ್ಪ.

“ಹಿಡಿಯಾಕಲ್ಲೋ, ಪರದೆ ಮ್ಯಾಲೆ ಬರಾಕ!”

ಗಾಳೆಪ್ಪ ಹೊಸ್ತಿಲ ಮೇಲೆ ಕುಳಿತನು. “ಯಾವ ಪಾರ್ಟ್ರಿ?”

“ಗಾಳೆಪ್ಪನ ಪಾರ್ಟು.”

“ಮಾತು ಎಷ್ಟದಾವ್ರಿ?”

“ಒಂದೂ ಇಲ್ಲ. ಆ ಮಶೀನಿಗೆ ಕಿವಿ ಇಲ್ಲ, ಕಣ್ಣಷ್ಟ ಐತಿ.”

“ಕುಣಿಯೂದು?”

“ಇಲ್ಲ. ನೀ ಏನೂ ಮಾಡಬಾರದು. ನೀನು ನೀನಾಗಿ ಇರಬೇಕು, ಅಷ್ಟ.”

ಮಾತಿಲ್ಲ, ಕುಣಿತವಿಲ್ಲ, ಮುಳ್ಳಿನ ಮೇಲೆ ಸತ್ತು ಬೀಳುವುದೂ ಇಲ್ಲ. ಇಂಥ ಪಾರ್ಟು ಪುರಾಣದಲ್ಲಿ ಯಾವ ದೇವರಿಗೂ ಸಿಕ್ಕಿರಲಿಲ್ಲ. ನೂರಸಾಬ ಹೋದ ಮೇಲೆ ಗಾಳೆಪ್ಪ ಒಳಗೆ ಓಡಿ ಮಾಳವ್ವನಿಗೆ ಸುದ್ದಿ ಹೇಳಿದನು. ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ.

“ನೀವು ನೀವಾಗಿರೂದು ನೋಡಾಕ ಹೈದರಾಬಾದಿನಿಂದ ಬರ್ತಾರಂತೇನು? ಇಪ್ಪತ್ತ ವರ್ಷ ಆತು ನಾ ದಿನಾ ನೋಡಾಕತ್ತೀನಿ. ಒಂದಿನಾನೂ ಯಾರನ್ನರ ಕರದು ತೋರಸಬೇಕು ಅನಿಸಿಲ್ಲ.”

ಹೆಂಗಸರಿಗೆ ಸರ್ಕಾರಿ ವ್ಯವಹಾರ ತಿಳಿಯದೆಂದು ಗಾಳೆಪ್ಪ ಊರೊಳಗೆ ನಡೆದನು. ಕ್ಷೌರಕ್ಕೆ ಕುಳಿತು, “ಮೀಸಿ ಮುಟ್ಟಬ್ಯಾಡ, ಪಾರ್ಟಿಗೆ ಬೇಕು” ಎಂದನು. ಯಾರೋ ಆಟದ ಹೆಸರು ಕೇಳಿದರು. ನಾರುಹುಣ್ಣೆಂಬ ಹೆಸರಿನಲ್ಲಿ ಗಾಂಭೀರ್ಯ ಸಾಲದೆನಿಸಿ ‘ಗಾಳೆಪ್ಪ–ನಾರಾಸುರ ಕಾಳಗ’ ಎಂದನು. ಇಷ್ಟಕ್ಕೇ ನಿಲ್ಲಿಸಿದ್ದರೆ ಈ ಕಥೆಯೂ ಇಲ್ಲಿಗೇ ನಿಲ್ಲುತ್ತಿತ್ತು. ಆದರೆ ಗುಡಿಯ ಮುಂದೆ ದೇವೇಂದ್ರಪ್ಪ ಎದುರಾದನು, ಗಾಳೆಪ್ಪ ಅವನ ಹೆಗಲು ತಟ್ಟಿ, “ಹೆದರಬ್ಯಾಡೋ ಅರ್ಜುನಾ. ನಿಂದು ಊರಾಟ, ನಂದು ಸರ್ಕಾರಿ ಆಟ. ಎರಡಕ್ಕೂ ಹೋಲಿಕಿ ಇಲ್ಲ” ಎಂದುಬಿಟ್ಟನು.

ದೇವೇಂದ್ರಪ್ಪ ಅಲ್ಲಿಂದ ನೇರವಾಗಿ ಮಾಸ್ತರರ ಮನೆಗೆ ಹೋದನು. ಮರುದಿನ ಹೊತ್ತೇರುವುದರೊಳಗೆ ಹನುಮಪ್ಪನ ಗುಡಿಯ ಕಟ್ಟೆಯ ಮೇಲೆ ಊರು ಕೂಡಿತು.

ಜಾಲಿಬಾವಿಯಲ್ಲಿ ಒಂದು ಕಟ್ಟಳೆ. ಎಷ್ಟೇ ಸಣ್ಣ ಪಾರ್ಟಾಗಲಿ, ಅದನ್ನು ಹನುಮಪ್ಪನ ಮುಂದೆ ಕಾಯಿ ಒಡೆದು, ದನಿ ನೋಡಿ, ನಡಿಗೆ ನೋಡಿ, ಮಾಸ್ತರರು ತಮ್ಮ ಕೈಯಿಂದ ವೀಳ್ಯ ಕೊಟ್ಟು ಹಂಚಬೇಕು. ಹಾಗೆ ಹಂಚದ ಪಾರ್ಟು ಕಟ್ಟಿದವನಿಗೂ ನೋಡಿದವನಿಗೂ ಕೇಡು.

“ಸರ್ಕಾರಿ ಆಟ ಆದರೇನಾತು, ಕಟ್ಟಳೆ ಕಟ್ಟಳೇನ” ಎಂದರು ಕೊಟ್ರಪ್ಪ ಮಾಸ್ತರರು. “ಈಗ ಗಾಳೆಪ್ಪನ ಪಾರ್ಟು ಹಂಚೂದೈತಿ.”

“ಅದು ನಂದ ಐತಲ್ರಿ ಮಾಸ್ತರ್ರ! ಪಾರ್ಟಿನ ಹೆಸರ ಗಾಳೆಪ್ಪ ಐತಿ!”

“ಇರಲಿ. ಭೀಮನ ಪಾರ್ಟಿನ ಹೆಸರು ಭೀಮ. ಅದನ್ನ ಭೀಮ ಬಂದು ಮಾಡ್ತಾನೇನು? ಹನುಮಣ್ಣ ಮಾಡ್ತಾನ. ದ್ರೌಪದಿ ಪಾರ್ಟು ದ್ರೌಪದಿ ಬಂದು ಮಾಡ್ತಾಳೇನು? ನಮ್ಮ ಚಾಂದಸಾಬ ಮಾಡ್ತಾನ, ಅದೂ ಮೀಸಿ ಬೋಳಿಸಿಕೊಂಡು. ಹೆಸರು ಬ್ಯಾರೆ, ಪಾರ್ಟು ಬ್ಯಾರೆ. ಯಾರಿಗೆ ಹೊಂದತೈತಿ ಅವರಿಗೆ ಪಾರ್ಟು.”

ಈ ಮಾತಿಗೆ ಉತ್ತರ ಕೊಡಬಲ್ಲವರು ತಾಲೂಕು ಕಚೇರಿಯಿದ್ದ ಕುಷ್ಟಗಿಯಲ್ಲೂ ಇರಲಿಲ್ಲ. ಪೊಲೀಸ್ ಗೌಡಿಕೆಯ ಈಶಪ್ಪಗೌಡರು ರುಮಾಲು ಸರಿಪಡಿಸಿಕೊಂಡು, “ಕಾಯ್ದೆಪ್ರಕಾರ ಬರೋಬರಿ ಐತಿ” ಎಂದರು.

ಹನ್ನೊಂದು ಜನ ಪರೀಕ್ಷೆಗೆ ನಿಂತರು. ಗುಡಿಯ ಮೆಟ್ಟಿಲಿನಿಂದ ಬೇವಿನ ಮರದವರೆಗೆ, ಕಾಲಲ್ಲಿ ನಾರಿದ್ದ ಗಾಳೆಪ್ಪನ ಹಾಗೆ ನಡೆಯಬೇಕು. ಹನುಮಣ್ಣನ ಗಾಳೆಪ್ಪನು ಕುಂಟಿದ ರಭಸಕ್ಕೆ ದೀಪದ ಕಂಬ ಅದುರಿತು. ಚಾಂದಸಾಬನ ಗಾಳೆಪ್ಪನು ಕುಂಟುತ್ತಲೇ ನಾಚಿಕೊಂಡು ಸೆರಗು ಹುಡುಕಿದನು. ಆಮೇಲೆ ಬಂದನು ದೇವೇಂದ್ರಪ್ಪ. ಎಡಗಾಲು ಎಳೆದನು, ಎರಡು ಹೆಜ್ಜೆಗೊಮ್ಮೆ ಸೊಂಟದ ಧೋತರ ಮೇಲೇರಿಸಿದನು, ಮಾತಿಗೆ ಮೊದಲು ಕಿವಿ ಕೆರೆದುಕೊಂಡು, “ಅದು ಏನಪಾ ಅಂದ್ರ…” ಎಂದು ರಾಗ ಎಳೆದನು. ಜನ ಬೆರಗಾದರು. ಅದೇ ಹೊತ್ತಿಗೆ ಸಗಣಿಯ ಬುಟ್ಟಿ ಹೊತ್ತು ಹಿಂದಿನಿಂದ ಬಂದ ಮಾಳವ್ವ ದೇವೇಂದ್ರಪ್ಪನ ಬೆನ್ನು ನೋಡಿ, “ಇಲ್ಲಿ ಕುಣಕೋತ ನಿಂತೀರೇನ್ರಿ? ಅಲ್ಲಿ ಎಮ್ಮಿ ಹಗ್ಗ ಹರಕೊಂಡು ಹೋಗ್ಯದ!” ಎಂದು ಗದರಿದಳು.

ಕಟ್ಟೆಗೆ ಕಟ್ಟೆಯೇ “ಭಲೇ!” ಎಂದಿತು. ಸ್ವಂತ ಹೆಂಡತಿಯ ಸಾಕ್ಷಿಗಿಂತ ದೊಡ್ಡ ಸಾಕ್ಷಿ ಯಾವ ಕಚೇರಿಯಲ್ಲಿದೆ? ನಿಜವಾದ ಗಾಳೆಪ್ಪ ಎಮ್ಮೆ ಹಿಡಿಯಲು ಓಡಿದನು.

ಅವನು ತಿರುಗಿ ಬರುವ ಹೊತ್ತಿಗೆ ಹತ್ತು ಜನರದು ಮುಗಿದಿತ್ತು. ಗಾಳೆಪ್ಪ ಹನುಮಪ್ಪನಿಗೆ ಕೈಮುಗಿದು ಹೊರಟನು. ಗುಣವಾದ ಕಾಲು ಕುಂಟಲು ಒಪ್ಪಲಿಲ್ಲ. ಮೊದಲು ಬಲಗಾಲು ಎಳೆದನು. ಅರ್ಧ ದಾರಿಯಲ್ಲಿ ನೆನಪಾಗಿ ಎಡಕ್ಕೆ ಬದಲಾಯಿಸಿದನು. ಕೊನೆಗೆ ಎರಡನ್ನೂ ಒಟ್ಟಿಗೆ ಎಳೆಯಲು ಹೋಗಿ ಬೇವಿನ ಮರಕ್ಕೆ ಡಿಕ್ಕಿ ಹೊಡೆದನು.

“ಪಾರ್ಟು ದೇವೇಂದ್ರಪ್ಪಗ” ಎಂದರು ಮಾಸ್ತರರು. “ಎರಡನೇದಾಂವ ಹನುಮಣ್ಣ, ಮೂರನೇದಾಂವ ಚಾಂದಸಾಬ. ಗಾಳೆಪ್ಪಾ, ನಿಂದು ನಾಕನೇ ನಂಬರ. ಬ್ಯಾಸರಾ ಮಾಡ್ಕೋಬ್ಯಾಡಪಾ. ನಿನಗ ಪರದೆ ಇದ್ದ ಐತಿ.”

ಅಂದು ಗಾಳೆಪ್ಪ ಉಣ್ಣಲಿಲ್ಲ. ಅರ್ಜುನನ ಪಾರ್ಟು ಹೋದಾಗ ಸಹಿಸಿದ್ದನು, ಸೈನಿಕನ ಪಾರ್ಟು ಹೋದಾಗಲೂ ಸಹಿಸಿದ್ದನು. ತನ್ನ ಪಾರ್ಟೇ ತನ್ನಿಂದ ಹೋದರೆ ಮನುಷ್ಯನು ಯಾವ ಮುಖ ಹೊತ್ತು ಮನೆಗೆ ಬರಬೇಕು? ಮರುದಿನದಿಂದ ಅವನು ಹಿತ್ತಲಿನಲ್ಲಿ ಕುಂಟುವುದನ್ನು ರೂಢಿ ಮಾಡತೊಡಗಿದನು. ಗೋಡೆಯಾಚೆಯಿಂದ ನೆರೆಮನೆಯ ಮುದುಕಿ ಕಳಕಮ್ಮ ನೋಡಿದಳು.

“ಏ ಮಾಳವ್ವಾ, ನಿನ್ನ ಗಂಡಗ ಏನಾಗೇದ? ಎರಡೂ ಕಾಲೀಲೆ ಕುಂಟಾಕತ್ತಾನಲ್ಲ!”

“ಗಾಳೆಪ್ಪ ಆಗೂದು ಕಲಿಯಾಕತ್ತಾರ, ಯವ್ವಾ.”

“ಈ ವಯಸ್ಸಿನ್ಯಾಗ ಎಲ್ಲಿ ಬರತೈತಿ ಬಿಡು. ಸಣ್ಣಾಂವ ಇದ್ದಾಗಿಂದ ರೂಢಿ ಇರಬೇಕವಾ ಅದಕ್ಕ.”

ಗಾಳೆಪ್ಪ ಗೌಡರ ಚಾವಡಿಗೆ ಹೋದನು. ಸರ್ಕಾರದ ಕಾಗದದಲ್ಲಿ ತನ್ನ ಹೆಸರಿದೆ, ತಾನೇ ಗಾಳೆಪ್ಪ, ನ್ಯಾಯ ಕೊಡಬೇಕು ಎಂದನು. ಗೌಡರು ಹುಕ್ಕಾ ಎಳೆದು ಆಲೋಚಿಸಿದರು.

“ನೀನು ಗಾಳೆಪ್ಪ ಅನ್ನೂದು ನನಗೂ ಗೊತ್ತೈತಿ, ನಿನಗೂ ಗೊತ್ತೈತಿ. ಆದ್ರ ದಾಖಲೆದಾಗ ಗುರತು ಏನು ಬರದಾರ? ‘ಎಡಗಾಲು ಕುಂಟುವವನು’ ಅಂತ ಬರದಾರ. ಎಲ್ಲಿ, ಕುಂಟು ನೋಡೂಣು.”

ಗಾಳೆಪ್ಪ ನಾಲ್ಕು ಹೆಜ್ಜೆ ಕುಂಟಿದನು.

“ನೋಡು, ಆಗೂದಿಲ್ಲ. ಹಿಂಗ,” ಎಂದು ಗೌಡರು ತಾವೇ ಎದ್ದು ಚಾವಡಿಯ ಉದ್ದಕ್ಕೂ ಕುಂಟಿ ತೋರಿಸಿದರು. ತೋರಿಸಿದ ಮೇಲೆ ಅವರಿಗೂ ಅನಿಸಿತು, ತಮ್ಮದು ದೇವೇಂದ್ರಪ್ಪನಿಗಿಂತ ಕಡಿಮೆಯೇನೂ ಇಲ್ಲವೆಂದು. ಸಾಹೇಬರ ಮನಸ್ಸಿಗೆ ಯಾರು ಬರುವರೋ ಯಾರು ಬಲ್ಲರು? ಅಂದಿನಿಂದ ಗೌಡರೂ ಕುಂಟಲಾರಂಭಿಸಿದರು.

ಗೌಡರು ಕುಂಟಿದ ಮೇಲೆ ಊರು ಸುಮ್ಮನಿದ್ದೀತೇ? ಪರೀಕ್ಷೆಯಲ್ಲಿ ಸೋತವರು ಆಸೆ ಬಿಟ್ಟಿರಲಿಲ್ಲ. ಪರೀಕ್ಷೆಗೆ ನಿಲ್ಲದವರಿಗೆ ಹೊಸ ಆಸೆ ಹುಟ್ಟಿತು. ಎಂಟು ದಿನಗಳಲ್ಲಿ ಜಾಲಿಬಾವಿ ಒಂದೇ ಕಾಲಿನ ಮೇಲೆ ನಿಂತಿತು. ರಂಟೆ ಹೊಡೆಯುವವರು ಕುಂಟಿದ್ದರಿಂದ ಹೊಲದ ಸಾಲುಗಳು ಹಾವಿನ ಹಾಗೆ ಹೋದವು. ಪೂಜಾರಿ ಹನುಮಪ್ಪನಿಗೆ ಕುಂಟುತ್ತಲೇ ಪ್ರದಕ್ಷಿಣೆ ಹಾಕಿದನು. ‘ಗಾಳೆಪ್ಪನ ಹೆಂಡತಿ’ ಎಂಬ ಪಾರ್ಟೂ ಇದೆಯೆಂದು ಯಾರೋ ಸುದ್ದಿ ಹಬ್ಬಿಸಿದ್ದರಿಂದ ಹೆಂಗಸರು ಬಾವಿಕಟ್ಟೆಯಲ್ಲಿ “ಎಮ್ಮಿ ಹರಕೊಂಡು ಹೋಗ್ಯದ!” ಎಂದು ಗದರುವುದನ್ನು ಕಲಿತರು.

ಸಾಹೇಬರು ಬರುವ ದಿನ ಬಂತು. ಮಾಸ್ತರರು ಬೆಳಿಗ್ಗೆಯೇ ಪರದೆಯನ್ನು ಕಳಿಸಿಕೊಟ್ಟರು. ಗಾಳೆಪ್ಪ ಅದನ್ನು ಬಿಚ್ಚಿ ತನ್ನ ಎಡ ತುದಿಯನ್ನು ನೋಡಿದನು. ಆಮೇಲೆ ಮಡಚಿ ಕಟ್ಟೆಯ ಮೇಲಿಟ್ಟನು.

“ನಾ ಹಿಡಿಯೂದಿಲ್ಲ” ಎಂದನು. ಇಪ್ಪತ್ತೆರಡು ವರ್ಷಗಳಲ್ಲಿ ಅವನು ಆಡಿದ ಅತಿ ದೊಡ್ಡ ಮಾತು ಇದು. ಕೇಳಿದವಳು ಮಾಳವ್ವನೊಬ್ಬಳೇ.

“ಹಿಡೀಬ್ಯಾಡ್ರಿ” ಎಂದಳು ಅವಳು. “ಮನ್ಯಾಗ ನೀರಿಲ್ಲ. ಕೊಡ ತಗೊಂಡು ಹೋಗ್ರಿ.”

ಇತ್ತ ಊರ ಅಗಸಿಬಾಗಿಲ ಹತ್ತಿರ ಮೋಟಾರು ಬಂತು. ಮುಂದೆ ಟೋಪಿಯ ಸಾಹೇಬರು, ಪಕ್ಕದಲ್ಲಿ ನೂರಸಾಬ, ಹಿಂದೆ ಮೂರು ಕಾಲಿನ ಯಂತ್ರ. ಸಾಹೇಬರು ಮೊದಲು ಒಬ್ಬ ಕುರುಬನನ್ನು ಕಂಡರು, ಅವನು ಕುಂಟುತ್ತಿದ್ದನು. “ಪಾಪ” ಎಂದರು. ಇನ್ನೊಬ್ಬ ಸೌದೆ ಹೊತ್ತು ಬಂದನು, ಅವನೂ ಕುಂಟುತ್ತಿದ್ದನು. ಅಗಸಿಯೊಳಗೆ ಬಂದರೆ ಬೀದಿಗೆ ಬೀದಿಯೇ ಎಡಗಾಲೆಳೆಯುತ್ತ ಮೋಟಾರಿನ ಕಡೆಗೆ ಬರುತ್ತಿತ್ತು. ಎಲ್ಲರ ಮುಂದೆ ಗೌಡರು, ಕೈಯಲ್ಲಿ ಹೂವಿನ ಹಾರ, ಕಾಲಲ್ಲಿ ಕುಂಟು. ಅವರ ಹಿಂದೆ ದೇವೇಂದ್ರಪ್ಪ. ಪಾರ್ಟು ಎಂದ ಮೇಲೆ ಬಣ್ಣ ಬೇಡವೇ? ಮುಖಕ್ಕೆ ಹಳದಿ ಅರದಾಳ ಮೆತ್ತಿ, ಕಣ್ಣ ಸುತ್ತ ಕಾಡಿಗೆ ತೀಡಿಕೊಂಡಿದ್ದನು. ಸಾಹೇಬರಿಗೆ ಆ ಹಳದಿ ಮುಖವು ಸಾವಿನ ಬಾಗಿಲಲ್ಲಿ ನಿಂತ ರೋಗಿಯದಾಗಿ ಕಂಡಿತು.

“ಯಾ ಅಲ್ಲಾ!” ಎಂದು ಅವರು ಮೋಟಾರಿನ ಬಾಗಿಲು ಎಳೆದುಕೊಂಡರು. ಒಬ್ಬ ರೋಗಿ ಎಂದು ಬರೆದಿದ್ದೆಯಲ್ಲ, ಇಲ್ಲಿ ಊರೇ ಮಲಗುವುದರಲ್ಲಿದೆಯಲ್ಲ ಎಂದು ನೂರಸಾಬನ ಮೇಲೆ ಉರ್ದುವಿನಲ್ಲಿ ಹರಿಹಾಯ್ದರು.

ನೂರಸಾಬನು ಕೆಳಗೆ ಹಾರಿ ಮೊದಲು ಸಿಕ್ಕವನ ಕೈ ಹಿಡಿದನು. “ಏ, ಯಾರೋ ನೀನು? ಏನಾತೋ ಕಾಲಿಗೆ?”

“ನಾನು ಗಾಳೆಪ್ಪರಿ” ಎಂದನು ಹನುಮಣ್ಣ.

“ನಾನೂ ಗಾಳೆಪ್ಪರಿ” ಎಂದನು ಚಾಂದಸಾಬ.

“ನೀ ಚಾಂದ ಅಲ್ಲೇನೋ? ನಿನ್ನ ನಿಕಾದಾಗ ನಾ ಉಂಡೀನಿ!”

“ಅದು ಮನ್ಯಾಗ. ಇಲ್ಲಿ ಗಾಳೆಪ್ಪ.”

ದೇವೇಂದ್ರಪ್ಪನು ಎಲ್ಲರನ್ನೂ ಸರಿಸಿ ಮುಂದೆ ಬಂದು, ಕಿವಿ ಕೆರೆದುಕೊಂಡು, ಅಗಸಿ ಮೊಳಗುವ ದನಿಯಲ್ಲಿ, “ಅದು ಏನಪಾ ಅಂದ್ರ… ಈ ಜಾಲಿಬಾವಿ ಪಟ್ಟಣದೊಳು ನಾರಾಸುರನಿಂದ ನೊಂದ ಗಾಳೆಪ್ಪ ಭೂಪನು ನಾನೇ!” ಎಂದು ಘರ್ಜಿಸಿದನು. ಮಾಸ್ತರರು ಹಿಂದಿನಿಂದ ತಾಳ ಬಡಿದರು.

ಸಾಹೇಬರು ಬೆವರು ಒರೆಸಿಕೊಂಡರು. ರೋಗ ತಲೆಗೂ ಏರಿದೆ, ಇಲ್ಲಿ ಚಿತ್ರವೂ ಬೇಡ ಏನೂ ಬೇಡ, ಮೋಟಾರು ತಿರುಗಿಸು ಎಂದರು. ಮೋಟಾರು ಗುರ್ರೆಂದಿತು. ಊರಿನಲ್ಲಿ ನೆಟ್ಟಗೆ ನಡೆಯುವ ಒಬ್ಬನಾದರೂ ಇಲ್ಲವೇ ಎಂದು ಸಾಹೇಬರು ಕೊನೆಯ ಸಲ ಕೇಳಿದರು.

ಬಾವಿಯ ಓಣಿಯಿಂದ ಒಬ್ಬನು ಬಂದನು. ಹೆಗಲ ಮೇಲೆ ಕೊಡ, ಕೊಡದ ಬಾಯಿಗೆ ಬಿಳಿ ಅರಿವೆ, ಕೈಯಲ್ಲಿ ಸುತ್ತಿದ ಹಗ್ಗ. ತಲೆ ತಗ್ಗಿಸಿಕೊಂಡು, ಆದರೆ ಎರಡೂ ಕಾಲುಗಳನ್ನು ನೆಲಕ್ಕೆ ಸರಿಯಾಗಿ ಊರುತ್ತ, ಬಿದಿರಿನ ಗಳದ ಹಾಗೆ ನೆಟ್ಟಗೆ ನಡೆದು ಬರುತ್ತಿದ್ದನು. ಕುಂಟುವ ಎಂಬತ್ತು ಜನರ ನಡುವೆ ಆ ನಡಿಗೆ ಮೆರವಣಿಗೆಯ ಹಾಗೆ ಕಂಡಿತು.

ಸಾಹೇಬರು ಮೋಟಾರಿನಿಂದ ಇಳಿದರು. “ಯೇ ಕೌನ್?”

ನೂರಸಾಬನು ಓಡಿ ಹೋಗಿ ಅವನನ್ನು ಹಿಡಿದುಕೊಂಡು, “ಹೇಳೋ, ನಿನ್ನ ಹೆಸರು ಸಾಹೇಬ್ರಿಗೆ ಹೇಳೋ!” ಎಂದನು.

ಗಾಳೆಪ್ಪ ಒಮ್ಮೆ ಮಾಸ್ತರರ ಕಡೆ, ಒಮ್ಮೆ ದೇವೇಂದ್ರಪ್ಪನ ಕಡೆ ನೋಡಿದನು. “ನಾ ಇವತ್ತ ಯಾರೂ ಅಲ್ರಿ ಸಾಬ್ರ. ಗಾಳೆಪ್ಪನ ಪಾರ್ಟು ಅವಗ ಹೋಗೇದ. ನಂದು ನಾಕನೇ ನಂಬರ.”

ನೂರಸಾಬನಿಗೆ ಆಗ ಎಲ್ಲವೂ ಹೊಳೆಯಿತು. ಆತ ಅಲ್ಲಿಯೇ ಹೊಟ್ಟೆ ಹಿಡಿದುಕೊಂಡು ನಗುತ್ತ ಕುಳಿತನು. ಎದ್ದು, ಗಾಳೆಪ್ಪನ ಧೋತರ ಎತ್ತಿ, ಎಡ ಮೊಣಕಾಲ ಕೆಳಗಿನ ನಾರಿನ ಕಲೆಯನ್ನು ಸಾಹೇಬರಿಗೆ ತೋರಿಸಿದನು. ಹುಜೂರ್, ನಾನು ಬರೆದ ಮನುಷ್ಯ ಇವನೇ. ಈ ಊರಿನಲ್ಲಿ ಮಾತು ಕೇಳಿದವನು ಇವನೊಬ್ಬನೇ. ಅದಕ್ಕೇ ಇವನೊಬ್ಬನೇ ನೆಟ್ಟಗಿದ್ದಾನೆ ಎಂದನು. ಬೇರೆಯವರ ಕುಂಟಿನ ವಿಷಯವನ್ನು ಮಾತ್ರ ಬಿಡಿಸಿ ಹೇಳಲಿಲ್ಲ. ಕೆಲವು ಸತ್ಯಗಳನ್ನು ಉರ್ದುವಿಗೆ ತರುವುದು ಕಷ್ಟ.

ಮೂರು ಕಾಲಿನ ಯಂತ್ರವನ್ನು ಬಾವಿಯ ಕಟ್ಟೆಯ ಮೇಲೆ ನಿಲ್ಲಿಸಿದರು. ಗಾಳೆಪ್ಪ ಹಗ್ಗ ಬಿಟ್ಟು ನೀರು ಸೇದಬೇಕು, ಸೋಸಬೇಕು, ಹೊತ್ತು ನಡೆಯಬೇಕು. “ಏನೂ ಮಾಡಬ್ಯಾಡ, ದಿನಾ ಮಾಡೂದ ಮಾಡು” ಎಂದನು ನೂರಸಾಬ. ಗಾಳೆಪ್ಪ ದಿನವೂ ಮಾಡುವುದನ್ನೇ ಮಾಡಿದನು. ಸೋಸುವಾಗ ಒಂದು ಇರುವೆ ಕಂಡಿತು. ಅದನ್ನು ಬೆರಳಿನಿಂದ ಎತ್ತಿ ಕಟ್ಟೆಯ ಮೇಲೆ ಬಿಟ್ಟನು. ಸಾಹೇಬರು “ವಾಹ್!” ಎಂದರು. ಇದೇ ಕೆಲಸವನ್ನು ಬೇರೆ ಯಾರಿಗೆ ಹೇಳಿದ್ದರೂ ಆಗುತ್ತಿರಲಿಲ್ಲ. ಯಂತ್ರ ತಿರುಗಿದ ಕೂಡಲೇ ಗೌಡರು ಎದೆಯುಬ್ಬಿಸುತ್ತಿದ್ದರು, ಹನುಮಣ್ಣ ತೊಡೆ ತಟ್ಟುತ್ತಿದ್ದನು, ದೇವೇಂದ್ರಪ್ಪನಂತೂ ಕಿವಿಯಿಲ್ಲದ ಆ ಯಂತ್ರದ ಮುಂದೆ ನಲವತ್ತು ಪದ ಹೇಳಿದನು. ಅವರನ್ನೂ ಸಾಹೇಬರು ಬಿಡಲಿಲ್ಲ. ಬಾವಿಯ ಮೆಟ್ಟಿಲ ಮೇಲೆ ಸಾಲಾಗಿ ಕುಂಟಿಸಿ ಚಿತ್ರ ತೆಗೆದುಕೊಂಡರು. ತಮ್ಮದೇ ಮುಖ್ಯ ಪಾರ್ಟೆಂದು ಎಲ್ಲರೂ ಜೀವ ಬಿಟ್ಟು ಕುಂಟಿದರು.

ಸಾಹೇಬರು ಹೋಗಿ ಏನು ಬರೆದರೋ, ಎರಡು ತಿಂಗಳಿಗೆ ಸರ್ಕಾರದ ಹುಕುಂ ಬಂತು: ಎಂಬತ್ತು ರೋಗಿಗಳಿರುವ ಜಾಲಿಬಾವಿಗೆ ಕೂಡಲೇ ಸುತ್ತುಗೋಡೆ ಕಟ್ಟಿ ರಾಟೆ ಹಾಕಿದ ಸೇದುವ ಬಾವಿ ತೋಡತಕ್ಕದ್ದು. ಹತ್ತು ವರ್ಷ ಅರ್ಜಿ ಬರೆದರೂ ಬಾರದ ಬಾವಿ ಎಂಟು ದಿನದ ಕುಂಟಿಗೆ ಬಂತು. ತಾವು ಕಲಿಸಿದ ಆಟಗಳಲ್ಲಿ ಫಲ ಕೊಟ್ಟದ್ದು ಇದೊಂದೇ ಎಂದು ಮಾಸ್ತರರು ಮೀಸೆ ತಿರುವಿದರು. ಚಿತ್ರದಲ್ಲಿ ಯಾರ ಪಾರ್ಟು ದೊಡ್ಡದು ಎಂಬುದು ಮಾತ್ರ ಇನ್ನೂ ಇತ್ಯರ್ಥವಾಗಿರಲಿಲ್ಲ. ದೇವೇಂದ್ರಪ್ಪ ತನ್ನದೇ ಎನ್ನುತ್ತಿದ್ದನು. ತನ್ನದೆನ್ನಲು ಗಾಳೆಪ್ಪನಿಗೆ ಧೈರ್ಯ ಸಾಲಲಿಲ್ಲ.

ಸುಗ್ಗಿಯ ಹೊತ್ತಿಗೆ ಚಿತ್ರ ಕುಷ್ಟಗಿಗೆ ಬಂತು. ಸಂತೆಯ ದಿನ ಹತ್ತಿಯ ಗೋದಾಮಿನ ಬಾಗಿಲುಗಳನ್ನು ಮುಚ್ಚಿ, ಸಂದಿಗಳಿಗೆ ಗೋಣಿತಟ್ಟು ತುರುಕಿ, ನಡುಹಗಲಲ್ಲೇ ಕತ್ತಲೆ ಮಾಡಿದರು. ಜಾಲಿಬಾವಿಯವರು ಎಂಟು ಬಂಡಿ ಕಟ್ಟಿಕೊಂಡು ಬಂದರು. ಕನಕಗಿರಿಯವರು, ತಳಕಲ್ಲಿನವರು, ಸಂತೆಗೆ ಬಂದವರೆಲ್ಲ ಕಿಕ್ಕಿರಿದರು. ಉರ್ದುವಿನ ಬರಹ ಬಂದಾಗಲೆಲ್ಲ ನೂರಸಾಬನು ಎದ್ದು ಕನ್ನಡದಲ್ಲಿ ಓದಿ ಹೇಳಬೇಕೆಂದು ಗೊತ್ತಾಗಿತ್ತು.

ಪರದೆಯ ಮೇಲೆ ಬೆಳಕು ಬಿದ್ದಿತು. ಮೊದಲು ಬಂದವನು ದೇವೇಂದ್ರಪ್ಪ. ಗೋಡೆಯಷ್ಟು ದೊಡ್ಡ ಮುಖ, ಮೆತ್ತಿದ ಬಣ್ಣ, ಬಾಯಿ ತೆರೆದು ಮುಚ್ಚುತ್ತಿದೆ, ಸದ್ದಿಲ್ಲ. ಜಾಲಿಬಾವಿಯವರು 'ಭಲೇ' ಎನ್ನಲು ಬಾಯಿ ತೆರೆದರು. ಅಷ್ಟರಲ್ಲಿ ಬರಹ ಬಂತು. ನೂರಸಾಬನು ಗಟ್ಟಿಯಾಗಿ ಓದಿದನು: “ಡಾಕ್ಟರರ ಮಾತು ಕೇಳದ ಮೂರ್ಖರ ಗತಿ ನೋಡಿರಿ.”

ಗೌಡರು ಕುಂಟಿದರು, ಹನುಮಣ್ಣ ಕುಂಟಿದನು, ಪೂಜಾರಿ ಕುಂಟಿದನು. ಗೋದಾಮು ಲೊಚಗುಟ್ಟಿತು. “ಅಯ್ಯೋ ಪಾಪ, ಆ ಹಳದಿ ಮಾರಿಯಾಂವ ಈ ವರ್ಷ ಉಳಿಯೂದಿಲ್ಲವಾ” ಎಂದು ತಳಕಲ್ಲಿನ ಒಬ್ಬಾಕೆ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅವಳ ಬೆನ್ನ ಹಿಂದೆಯೇ ಕುಳಿತಿದ್ದ ದೇವೇಂದ್ರಪ್ಪನು ರುಮಾಲನ್ನು ಮೂಗಿನವರೆಗೆ ಎಳೆದುಕೊಂಡನು.

ಮತ್ತೆ ಬರಹ: “ಮಾತು ಕೇಳಿದ ಬುದ್ಧಿವಂತ. ಜಾಲಿಬಾವಿಯ ಗಾಳೆಪ್ಪ.”

ಓಣಿಯ ತುದಿಯಿಂದ ಕೊಡ ಹೊತ್ತು ಒಬ್ಬನು ಬಂದನು. ಹತ್ತಿರ ಬಂದಷ್ಟೂ ದೊಡ್ಡವನಾದನು. ಬರುತ್ತ ಬರುತ್ತ ಗೋದಾಮಿನ ಛಾವಣಿ ಮುಟ್ಟುವಷ್ಟು ಬೆಳೆದನು. ಹಗ್ಗ ಬಿಟ್ಟನು, ಸೇದಿದನು, ಸೋಸಿದನು, ಇರುವೆಯನ್ನು ಎತ್ತಿ ಬಿಟ್ಟನು. ಇಷ್ಟು ದಿನ ಮೊಣಕಾಲು ಮಟ್ಟ ನೀರಲ್ಲಿ ನಿಂತು ನಕ್ಕವರಲ್ಲಿ ಒಬ್ಬರೂ ನಗಲಿಲ್ಲ. ಕನಕಗಿರಿಯ ಕಡೆಯಿಂದ ಯಾರೋ ಚಪ್ಪಾಳೆ ತಟ್ಟಿದರು. ಗೋದಾಮು ಗುಡುಗಿತು.

ಆಗ ಕೊಟ್ರಪ್ಪ ಮಾಸ್ತರರು ಎದ್ದರು. ಬಯಲಾಟದಲ್ಲಿ ಪಾರ್ಟು ಚೆನ್ನಾಗಿ ಆದರೆ ನೋಡುವವರು ಆಟ ನಿಲ್ಲಿಸಿ, ಹೆಸರು ಕೂಗಿ, ಬಟ್ಟೆಯನ್ನೋ ದುಡ್ಡನ್ನೋ ಆಯೇರಿ ಮಾಡುವುದು ಪದ್ಧತಿ. ಮಾಸ್ತರರು ತಲೆಯ ರುಮಾಲು ಬಿಚ್ಚಿ ಜನರನ್ನು ದಾಟಿ ಪರದೆಯ ಮುಂದೆ ನಿಂತರು. ಗಾಳೆಪ್ಪನ ಎದೆಯ ಮೇಲೆ ಅವರ ನೆರಳು ಬಿದ್ದಿತು. “ಏ ಮುದುಕಾ, ಕುಂದ್ರೋ!” ಎಂದು ಸಂತೆಯ ಜನ ಕೂಗಿದರು.

“ಕುಂದ್ರೂದಿಲ್ಲ!” ಎಂದು ಮಾಸ್ತರರು ದನಿಯೆತ್ತಿದರು. “ಇದು ನಮ್ಮೂರ ಪಾರ್ಟು. ಇಪ್ಪತ್ತೆರಡು ವರ್ಷ ನಾನು ಪಾರ್ಟು ಹಂಚಿದೆ. ಈ ಒಂದು ಪಾರ್ಟು ತಪ್ಪಿ ಹಂಚಿದೆ. ಗಾಳೆಪ್ಪನ ಪಾರ್ಟು ಮಾಡಾಕ ಗಾಳೆಪ್ಪನ್ನ ಬಿಟ್ಟರ ಈ ಸೀಮ್ಯಾಗ ಯಾರೂ ಇಲ್ಲ! ಆ ಪಾರ್ಟಿಗೆ ಕೊಟ್ರಪ್ಪ ಮಾಸ್ತರನ ಆಯೇರಿ!”

ರುಮಾಲನ್ನು ಪರದೆಯ ಮೇಲಿನ ಗಾಳೆಪ್ಪನ ಹೆಗಲಿಗೆ ಹೊದಿಸಲು ಹೋದರು. ಅದು ಜಾರಿ ಕೆಳಗೆ ಬಿದ್ದಿತು. ಮತ್ತೆ ಹೊದಿಸಿದರು, ಮತ್ತೆ ಬಿದ್ದಿತು. “ಅಲ್ಲಿ ಅಲ್ರೀ ಮಾಸ್ತರ್ರ, ಇಲ್ಲೇ ಕುಂತಾರ!” ಎಂದು ಮಾಳವ್ವ ಕೂಗಿದಳು. ಸಾಲಿನಿಂದ ಸಾಲಿಗೆ ಕೈ ಬದಲಾಯಿಸಿ ರುಮಾಲು ಬಂತು. ಕೊನೆಯಲ್ಲಿ ಅದನ್ನು ಹಿಡಿದಿದ್ದವನು ದೇವೇಂದ್ರಪ್ಪ. ಅವನು ತಾನೇ ಬಾಗಿ ಗಾಳೆಪ್ಪನ ತಲೆಗೆ ಸುತ್ತಿದನು.

“ಒನ್ಸ್ ಮೋರ್!” ಎಂದು ಗೌಡರು ಎದ್ದು ಕೂಗಿದರು. ಗೋದಾಮೆಲ್ಲ ಒನ್ಸ್ ಮೋರ್ ಎಂದಿತು. ಯಂತ್ರದವನು ನಗುತ್ತ ಸುರುಳಿಯನ್ನು ಹಿಂದಕ್ಕೆ ಸುತ್ತಿ ಮತ್ತೊಮ್ಮೆ ಬಿಟ್ಟನು. ಗಾಳೆಪ್ಪ ಮತ್ತೆ ಓಣಿಯಿಂದ ಬಂದನು, ಮತ್ತೆ ಸೇದಿದನು, ಮತ್ತೆ ಸೋಸಿದನು, ಮತ್ತೆ ಇರುವೆಗೆ ಜೀವದಾನ ಮಾಡಿದನು. ಕೆಳಗೆ ಕುಳಿತ ಗಾಳೆಪ್ಪ ಕೊನೆಯವರೆಗೂ ನೋಡಿದನು. ಮುಗಿದ ಮೇಲೆ ಮಾಳವ್ವನ ಕಿವಿಯ ಹತ್ತಿರ ಬಾಗಿದನು.

“ಮೊದಲು ಒಂಚೂರು ಅಂಜಿದ್ದೆ. ಈ ಸಲ ಭಾಳ ಛಲೋ ಮಾಡೀನಿ, ಅಲ್ಲ?”

ಮಾಳವ್ವ ಗಂಡನನ್ನು ನೋಡಿದಳು, ಪರದೆಯನ್ನು ನೋಡಿದಳು.

“ಹೌದ್ರಿ,” ಎಂದಳು. “ಈ ಸಲ ಕೊಡದಾಗಿನ ನೀರು ಒಂದು ಹನೀನೂ ಚೆಲ್ಲಲಿಲ್ಲ.”